ದೇವರ ಜಗಲಿಯ ಮೇಲೆ ಫುಟ್‌ಬಾಲ್

ನನ್ನ ಅಪ್ಪನ ಹೆಸರಿನ ಮೈದಾನವೊಂದು ಸಮುದ್ರದ ಆಚೆ ಇದೆ. ಅದರ ಫೋಟೋ ನನ್ನ ಬಳಿ ಇದೆ. ಬಿಳಿ ಗೋಡೆಯ ಮೇಲೆ ನನಗೆ ಓದಲು ಬಾರದ ಲಿಪಿಯಲ್ಲಿ ಅವನ ಹೆಸರು, ಅದರ ಕೆಳಗೆ ಇಂಗ್ಲಿಷಿನಲ್ಲಿ ಇನ್ನೊಮ್ಮೆ. ಆ ದ್ವೀಪಗಳ ದೇಶದಲ್ಲಿ ಫುಟ್‌ಬಾಲ್ ಬೇರು ಬಿಡುವ ಹಾಗೆ ಮಾಡಿದ ಕೆಲವೇ ಜನರಲ್ಲಿ ಸುರಪುರದಿಂದ ಹೋದ ಡ್ರಿಲ್ ಮಾಸ್ತರನೂ ಒಬ್ಬ ಎಂದು ಅಲ್ಲಿಯ ಮಕ್ಕಳು ಹೇಳುತ್ತಾರಂತೆ. ಸುರಪುರದಲ್ಲಿ ಕೇಳಿದರೆ ಯಾವ ಮಾಸ್ತರ ಎಂದು ನಮ್ಮನ್ನೇ ಕೇಳುತ್ತಾರೆ. ಆ ದೇಶದ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಅಲ್ಲಿಯವರು ನನಗೆ ಕೆಡುಕು ಮಾಡಿದವರಲ್ಲ, ಅವರ ಪಾಲಿಗೆ ಅಪ್ಪ ದೊಡ್ಡವನು, ದೊಡ್ಡವನಾಗಿಯೇ ಇರಲಿ. ಆದರೆ ಅವನನ್ನು ಮೈದಾನದಲ್ಲಿ ನೋಡಿದವರು ಹೇಳಿದ್ದೇ ಬಹಳವಾಯಿತು. ನಾನು ಅವನನ್ನು ಅಂಗಳದಲ್ಲಿ ನೋಡಿದವಳು. ಅಲ್ಲಿಂದ ನೋಡಿದರೆ ಮನುಷ್ಯ ಬೇರೆಯೇ ಕಾಣುತ್ತಾನೆ.

ನಮ್ಮ ಮನೆ ಗುಡ್ಡದ ಇಳಿಜಾರಿನಲ್ಲಿತ್ತು. ಸುರಪುರದಲ್ಲಿ ಸಮತಟ್ಟಾದ ನೆಲ ಸಿಗುವುದೇ ಅಪರೂಪ, ಎತ್ತ ನೋಡಿದರೂ ಬಂಡೆ. ಅಂಥ ಊರಿನಲ್ಲಿ ಹುಟ್ಟಿ ನೆಲದ ಮೇಲೆ ಉರುಳುವ ಆಟಕ್ಕೆ ಬಿದ್ದವನು ಅಪ್ಪ. ಇದೊಂದರಲ್ಲೇ ಅವನ ಹಟ ಎಂಥದ್ದೆಂದು ತಿಳಿಯಬೇಕು. ಒಂದು ಬೇಸಿಗೆ ರಜೆಯಿಡೀ ಬುಟ್ಟಿಯಲ್ಲಿ ಮೊರಂ ಮಣ್ಣು ಹೊತ್ತು ತಂದು ನಮ್ಮ ಅಂಗಳವನ್ನು ಸಮ ಮಾಡಿದನಂತೆ. ನಾನಾಗ ತೊಟ್ಟಿಲಲ್ಲಿದ್ದೆ. ತಲಬಾಗಿಲಿನಿಂದ ಒಳಗೆ ಬಂದರೆ ಆ ಅಂಗಳ, ಎಡಕ್ಕೆ ದನದ ಕೊಟ್ಟಿಗೆ, ಎದುರಿಗೆ ಎರಡು ಕಂಬದ ಪಡಸಾಲೆ, ಅದರ ಹಿಂದೆ ಕತ್ತಲೆಯ ಅಡುಗೆಮನೆ. ಅಡುಗೆಮನೆಗೆ ಮಾಳಿಗೆಯ ಬೆಳಕಿಂಡಿಯೊಂದೇ ದಿಕ್ಕು, ಅದರಿಂದ ಇಳಿಯುವ ಬಿಸಿಲಿನ ತುಂಡು ಒಲೆಯ ಮುಂದೆ ಬಂತೆಂದರೆ ಅವ್ವ ರೊಟ್ಟಿಗೆ ಎಸರಿಡುತ್ತಿದ್ದಳು. ಅದೇ ಅಡುಗೆಮನೆಯ ಮೂಲೆಯಲ್ಲಿ ಮೊಣಕಾಲೆತ್ತರದ ಮಣ್ಣಿನ ಜಗಲಿ, ಅದರ ಮೇಲೆ ನಮ್ಮ ದೇವರುಗಳು. ಕೊಟ್ಟಿಗೆಯಲ್ಲಿ ಎಮ್ಮೆ ಇರಲಿಲ್ಲ. ಇದ್ದ ಒಂದನ್ನು ನಾನು ನಡೆಯಲು ಕಲಿಯುವ ಹೊತ್ತಿಗೆ ಮಾರಿದ್ದರು. ಖಾಲಿ ಕೊಟ್ಟಿಗೆಯ ಅಗಲ ಬಾಗಿಲನ್ನು ಅಪ್ಪ ಗೋಲು ಮಾಡಿದ. ಗೋಲಿಗೆ ಕಾವಲು ಬೇಕಲ್ಲ, ಮನೆಯಲ್ಲಿ ಇದ್ದ ಮಗು ನಾನೊಬ್ಬಳೇ.

ಐದು ವರ್ಷದವಳಿದ್ದಾಗಿನಿಂದ ಆ ಬಾಗಿಲಲ್ಲಿ ನಿಂತೆ. ಬೆಳಿಗ್ಗೆ ಅಪ್ಪ ಸುಣ್ಣದ ಪುಡಿಯಲ್ಲಿ ಗೆರೆ ಎಳೆಯುತ್ತಿದ್ದ, ಅವ್ವ ಸಂಜೆ ಕಸ ಹೊಡೆಯುವಾಗ ಅದನ್ನು ಅಳಿಸುತ್ತಿದ್ದಳು, ಮರುದಿನ ಮತ್ತೆ ಎಳೆಯುತ್ತಿದ್ದ. ಇಬ್ಬರೂ ಈ ಬಗ್ಗೆ ಒಂದು ಮಾತೂ ಆಡಿದವರಲ್ಲ. ನನ್ನ ಆಯಿ, ಅಂದರೆ ಅಪ್ಪನ ತಾಯಿ, ಪಡಸಾಲೆಯ ಕಟ್ಟೆಯ ಮೇಲೆ ಮೊರದಲ್ಲಿ ಜೋಳ ಹಸನು ಮಾಡುತ್ತ ಕೂತು, ಚೆಂಡು ಗೋಡೆಗೆ ಬಡಿದಾಗಲೆಲ್ಲ ಒಂದು ಬೈಗುಳ ಉದುರಿಸುತ್ತಿದ್ದಳು. ಆ ಚೆಂಡು ನಮ್ಮ ಮನೆಯಲ್ಲಿ ಎರಡು ಮಜ್ಜಿಗೆ ಗಡಿಗೆ, ಒಂದು ಕಂದೀಲು, ಆಯಿಯ ತಪಕೀರಿನ ಡಬ್ಬಿ, ನನ್ನ ಬಲಗೈಯ ಕಿರುಬೆರಳು ಇಷ್ಟನ್ನು ಮುರಿದಿದೆ. ಬೆರಳು ಮುರಿದ ದಿನ ಅಪ್ಪ ಎಲುಬು ಕಟ್ಟುವವನ ಬಳಿ ಕರೆದೊಯ್ಯುತ್ತ ದಾರಿಯುದ್ದಕ್ಕೂ ಬೈದ, ಅಂಗೈ ಹೇಗೆ ಹಿಡಿಯಬೇಕಿತ್ತು ಎಂದು. ನಾನು ಅಳಲಿಲ್ಲ. ಅಳುವ ಗೋಲ್‌ಕೀಪರನ್ನು ಅವನು ಬೇಡ ಎಂದುಬಿಟ್ಟರೆ ಎಂಬ ಹೆದರಿಕೆ ನೋವಿಗಿಂತ ದೊಡ್ಡದಿತ್ತು. ಉಳಿದ ಹೊತ್ತಿನಲ್ಲಿ ಅಪ್ಪ ನನ್ನೊಡನೆ ಮಾತಾಡುತ್ತಲೇ ಇರಲಿಲ್ಲ, ಊಟದ ತಾಟಿನ ಮುಂದೆ ಅವನು ಬೇರೆಯವರ ಮನೆಗೆ ಬಂದವನ ಹಾಗೆ ಕೂತಿರುತ್ತಿದ್ದ. ಅವನಿಗೆ ನಾನಿದ್ದೇನೆ ಎಂದು ಗೊತ್ತಾಗುತ್ತಿದ್ದದ್ದು ಆ ಬಾಗಿಲಲ್ಲಿ ನಿಂತಾಗ ಮಾತ್ರ. ಹಾಗಾಗಿ ನಾನು ಅಲ್ಲಿ ನಿಂತೆ. ಅಪ್ಪ ಸಿಗುತ್ತಿದ್ದ ಜಾಗ ಅದೊಂದೇ.

ಚೆಂಡು ತೊಗಲಿನದು, ಬಾಯಿಗೆ ದಾರ ಕಟ್ಟುವಂಥದ್ದು. ಒಳಗಿನ ರಬ್ಬರಿನ ಬ್ಲಾಡರು ತೂತಾದಾಗ ಅದನ್ನು ಖಾಸಿಂ ಚಾಚಾನ ಸೈಕಲ್ ಅಂಗಡಿಗೆ ಒಯ್ಯುವುದು ನನ್ನ ಕೆಲಸ. ಅವನು ಅದನ್ನು ನೀರಿನ ಬೋಗುಣಿಯಲ್ಲಿ ಮುಳುಗಿಸಿ, ಗುಳ್ಳೆ ಏಳುವ ಜಾಗಕ್ಕೆ ಬೆರಳಿಟ್ಟು, 'ಸಿಕ್ಕ ನೋಡು ಕಳ್ಳ' ಎನ್ನುತ್ತಿದ್ದ. ಒಡೆದ ತೊಗಲಿಗೆ ವಾರಕ್ಕೊಮ್ಮೆ ಎಣ್ಣೆ ತಿಕ್ಕಬೇಕು. ಅವ್ವನ ಕುಸುಬಿ ಎಣ್ಣೆಯ ಡಬ್ಬಿಗೆ ಅಪ್ಪ ಕೈ ಹಾಕಿದಾಗಲೆಲ್ಲ ಮನೆಯಲ್ಲಿ ಮಾತಿಗೆ ಮಾತು. ಪಲ್ಯಕ್ಕೆ ಒಗ್ಗರಣೆ ಇಲ್ಲದ ದಿನಗಳಲ್ಲೂ ಚೆಂಡಿನ ಮೈ ಮಿರಮಿರ ಮಿಂಚುತ್ತಿತ್ತು. ಆಯಿಯ ತಕರಾರು ಎಣ್ಣೆಯದಲ್ಲ, ತೊಗಲಿನದು. ಸತ್ತ ದನದ ತೊಗಲು ಪಡಸಾಲೆ ದಾಟಿ ಒಳಗೆ ಬರಕೂಡದು ಎಂಬುದು ಅವಳ ಕಾಯಿದೆ. ಚೆಂಡು ಕೊಟ್ಟಿಗೆಯ ಗೂಟಕ್ಕೆ ಜೋತು ಬಿದ್ದಿರುತ್ತಿತ್ತು.

ಆ ಕಾಯಿದೆ ಮುರಿದದ್ದು ಒಂದು ಮಹಾನವಮಿಗೆ. ಹಬ್ಬದ ದಿನ ಬಡಿಗ ತನ್ನ ಬಾಚಿಯನ್ನು, ಒಕ್ಕಲಿಗ ನೇಗಿಲನ್ನು, ಖಾಸಿಂ ಚಾಚಾನ ಮಗ್ಗುಲಿನ ದರ್ಜಿ ತನ್ನ ಕತ್ತರಿಯನ್ನು ಪೂಜೆಗೆ ಇಡುತ್ತಾರಲ್ಲ, ನಮ್ಮ ಮನೆಯಲ್ಲಿ ಅವ್ವ ಈಳಿಗೆ, ಒನಕೆ ಇಡುತ್ತಿದ್ದಳು. ಅಪ್ಪ ಆ ಸಲ ಹಬ್ಬಕ್ಕೆ ಮೂರು ದಿನ ಮುಂಚೆಯೇ ಚೆಂಡನ್ನು ಒರೆಸಿ, ಗಾಳಿ ತುಂಬಿ, ಅಡುಗೆಮನೆಯ ಬಾಗಿಲಿಗೆ ತಂದು ನಿಂತ.

"ಇದನ್ನ ಜಗಲಿ ಮ್ಯಾಲ ಇಡಬೇಕವ್ವ."

"ಏನು? ತೊಗಲಾ? ದೇವರ ಮ್ಯಾಲ ತೊಗಲಾ?" ಆಯಿಯ ಕೈಯಲ್ಲಿದ್ದ ಕುಂಕುಮದ ಬಟ್ಟಲು ಹಾಗೇ ನಿಂತಿತು.

"ನನ್ನ ಹೊಟ್ಟಿ ತುಂಬಸೂದು ಇದ. ಬಡಿಗ್ಯಾಗ ಬಾಚಿ ಹೆಂಗೋ ನನಗ ಇದು ಹಂಗ."

"ನಿನ್ನ ಹೊಟ್ಟಿ ತುಂಬಸೂದು ಸರಕಾರದ ಪಗಾರ. ಅದನ್ನ ತಂದಿಡು, ಪೂಜಿ ಮಾಡತೀನಿ."

ಮೂರು ದಿನ ನಡೆಯಿತು ಆ ಜಗಳ. ಅಪ್ಪ ಅಷ್ಟು ಮಾತಾಡಬಲ್ಲ ಎಂದು ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಗುಡಿಯಲ್ಲಿ ಬಾರಿಸುವ ಡೊಳ್ಳಿಗೆ ಹಾಕಿದ್ದು ಯಾವ ಮರದ ತೊಗಟೆ ಎಂದು ಕೇಳಿದ. ಭಜನೆಯ ತಬಲಾ ಯಾವ ಹಿಟ್ಟಿನದು ಎಂದು ಕೇಳಿದ. ಸ್ವಾಮಿಗಳು ಕೂರುವ ಜಿಂಕೆಯ ಚರ್ಮ ಜಿಂಕೆಯನ್ನು ಕೇಳಿ ತಂದದ್ದೇನು ಎಂದು ಕೇಳಿದ. ಓಣಿಯ ಹೆಂಗಸರು ತಮ್ಮ ಕೆಲಸ ಬಿಟ್ಟು ನಮ್ಮ ತಲಬಾಗಿಲಲ್ಲಿ ನಿಂತು ಕೇಳುತ್ತಿದ್ದರು. ಮೂರನೆಯ ದಿನ ಸಂಜೆ ಆಯಿ ಸೋತು, "ಇಡು, ನಿನ್ನ ಪಾಪ ನಿನಗ" ಎಂದಳು. ಚೆಂಡು ದೇವರುಗಳ ಎಡಗಡೆ ಒಂದು ಸಿಂಬಿಯ ಮೇಲೆ ಕೂತಿತು. ಅದಕ್ಕೆ ವಿಭೂತಿ, ಕುಂಕುಮ, ಚೆಂಡುಹೂವಿನ ಸರ. ಹಬ್ಬ ಮುಗಿದ ಮೇಲೂ ಅದರ ಜಾಗ ಅದೇ ಆಯಿತು. ಸೋತವರಿಗೆ ಸೋಲಿನಲ್ಲೂ ಒಂದು ಹಿಡಿತ ಬೇಕಲ್ಲ, ಜಗಲಿಯ ಮೇಲೆ ಬಂದದ್ದು ಇನ್ನು ತನ್ನ ಮಡಿಯೊಳಗೆ ಎಂದು ಆಯಿ ತೀರ್ಮಾನಿಸಿದಳು. ಬೆಳಿಗ್ಗೆ ಕೈಕಾಲು ತೊಳೆದೇ ಅದನ್ನು ಎತ್ತಬೇಕು, ಆಟ ಮುಗಿದ ಮೇಲೆ ಒದ್ದೆ ಬಟ್ಟೆಯಲ್ಲಿ ಒರೆಸಿಯೇ ಇಡಬೇಕು. ನಾನು ನಗುತ್ತ ಅಷ್ಟನ್ನೂ ಮಾಡಿದೆ. ಅಪ್ಪ ಗೆದ್ದ ಎಂದು ನನಗೆ ಹೆಮ್ಮೆ. ಒಂದು ತೊಗಲಿನ ಚೆಂಡಿಗಾಗಿ ಇಷ್ಟು ಹೊಡೆದಾಡುವವನು, ಬೇಕಾದರೆ ನನಗಾಗಿ ಏನೆಲ್ಲ ಮಾಡಿಯಾನು ಎಂದು ನಾನು ಮನಸ್ಸಿನಲ್ಲೇ ಲೆಕ್ಕ ಹಾಕಿದ್ದೆ.

ಆ ಚಳಿಗಾಲದಲ್ಲಿ ನಾನು ಒಂದು ಮ್ಯಾಚ್ ಆಡಿದೆ. ನನ್ನ ಜೀವಮಾನದಲ್ಲಿ ಆಡಿದ್ದು ಅದೊಂದೇ. ನಾರಾಯಣಪುರದ ಡ್ಯಾಮಿನ ಕ್ವಾರ್ಟರ್ಸಿನಲ್ಲಿ ನೀರಾವರಿಯವರ ಮಕ್ಕಳಿಗೂ ಅಪ್ಪನ ಶಾಲೆಯ ತಂಡಕ್ಕೂ ಆಟ. ಅಪ್ಪನ ಗೋಲ್‌ಕೀಪರಿಗೆ ಹಿಂದಿನ ದಿನವೇ ಜ್ವರ ಹತ್ತಿತ್ತು. ದಾರಿಯಲ್ಲಿ ಬಸ್ಸು ಕೆಟ್ಟು ನಿಂತಾಗ ಅಪ್ಪ ನನ್ನನ್ನು ಕೆಳಗಿಳಿಸಿ, ಜಡೆಯನ್ನು ಸುತ್ತಿ ತಲೆಗೆ ಟವೆಲ್ಲು ಬಿಗಿದು, ತನ್ನ ಅಂಗಿಯ ತೋಳು ಮಡಿಚಿ ಹಾಕಿಸಿದ. ನೋಡಲು ಬಂದಿದ್ದವಳು ಆಡಲು ಇಳಿದೆ. ಐದು ಹೊಡೆತ ಬಂದವು, ನಾಲ್ಕು ತಡೆದೆ. ಒಂದು ಎಡಗಡೆಯಿಂದ ನುಸುಳಿ ಹೋಯಿತು, ಆದರೂ ನಮ್ಮವರು ಎರಡು ಹೊಡೆದು ಗೆದ್ದರು. ವಾಪಸು ಬರುವಾಗ ಬಸ್ಸಿನಲ್ಲಿ ಅಪ್ಪ ನನ್ನ ಪಕ್ಕದಲ್ಲೇ ಕೂತ.

"ಎಡಗಡಿ ಬರೂದನ್ನ ಕಾಲಲೆ ತಡೀಬಾರದು ನೀಲಿ. ಮುಂದಿನ ಸಲ ಮೈ ಒಗೀಬೇಕು."

ಶಭಾಷ್ ಅನ್ನಲಿಲ್ಲ. ನನಗೆ ಬೇಕಾಗಿಯೂ ಇರಲಿಲ್ಲ. ಮುಂದಿನ ಸಲ ಎಂದನಲ್ಲ, ಆ ಎರಡು ಪದಗಳನ್ನು ನಾನು ಬಾಯಲ್ಲಿ ಬೆಲ್ಲ ಇಟ್ಟುಕೊಂಡ ಹಾಗೆ ತಿಂಗಳುಗಟ್ಟಲೆ ಇಟ್ಟುಕೊಂಡಿದ್ದೆ. ಎಡಗಡೆಗೆ ಮೈ ಚೆಲ್ಲುವುದನ್ನು ಒಬ್ಬಳೇ ಅಂಗಳದಲ್ಲಿ ರೂಢಿ ಮಾಡಿ ಮಾಡಿ ಸೊಂಟ ಕಪ್ಪಾಗಿತ್ತು.

ಬೇಸಿಗೆಗೆ ನಾನು ದೊಡ್ಡವಳಾದೆ. ಪಡಸಾಲೆಯ ಮೂಲೆಯಲ್ಲಿ ಚಾಪೆ ಹಾಕಿ ಕೂರಿಸಿದರು. ಆ ದಿನಗಳ ಬಗ್ಗೆ ನನಗೆ ದೂರಿಲ್ಲ. ಕೊಬ್ಬರಿ, ಉತ್ತತ್ತಿ, ಅಂಟಿನ ಉಂಡೆ, ದಿನಕ್ಕೊಬ್ಬರ ಮನೆಯಿಂದ ಸಿಹಿ, ಸಂಜೆ ಹೆಂಗಸರ ಹಾಡು, ಆರತಿ. ಖಾಸಿಂ ಚಾಚಾನ ಹೆಂಡತಿ ಹಸಿರು ಬಳೆ ತಂದು ತೊಡಿಸಿದಳು. ಯಾವ ಕೆಲಸವೂ ಇಲ್ಲ, ಎಲ್ಲರೂ ನನ್ನನ್ನೇ ನೋಡುತ್ತಾರೆ. ಅಪ್ಪ ಮಾತ್ರ ಆ ಮೂಲೆಯತ್ತ ಮುಖ ಮಾಡದೆ ಓಡಾಡುತ್ತಿದ್ದ. ಗಂಡಸರು ಹಾಗೆಯೇ ಎಂದು ಅವ್ವ ಹೇಳಿದಳು, ನಾನೂ ನಂಬಿದೆ. ಐದನೆಯ ದಿನ ತಲೆಗೆ ನೀರು ಹಾಕಿ, ಹೊಸ ಸೀರೆ ಉಡಿಸಿ, ಉಡಿ ತುಂಬಿ, ಹುಗ್ಗಿ ಉಣ್ಣಿಸಿದರು. ಮರುದಿನ ಬೆಳಿಗ್ಗೆ ನಾನು ಸೀರೆ ಬಿಚ್ಚಿಟ್ಟು, ಹಳೆಯ ಲಂಗ ಮೇಲೆತ್ತಿ ಕಟ್ಟಿ, ಕೊಟ್ಟಿಗೆಯ ಬಾಗಿಲಲ್ಲಿ ಹೋಗಿ ನಿಂತೆ. ಅಪ್ಪ ಒಳಗಿನಿಂದ ಚೆಂಡು ತಂದ. ಆಯಿ ಕಟ್ಟೆಯ ಮೇಲಿಂದ ಎದ್ದಳು.

"ನಿಂದ್ರು. ಅದು ಜಗಲಿ ಮ್ಯಾಲ ಕುಂತ ಚಂಡು. ಪೂಜಿ ಆಗ್ಯಾದ ಅದಕ. ಇನ್ನ ಮ್ಯಾಲ ಅಕಿ ಮುಟ್ಟಬಾರದು."

"ದಿನ ಮುಗದಾವಲ್ಲ ಆಯಿ. ನಿನ್ನೇನ ನೀರು ಹಾಕೀರಿ" ಎಂದೆ.

"ಈ ತಿಂಗಳದು ಮುಗದಾವ. ಮುಂದಿನ ತಿಂಗಳ ಬರಂಗಿಲ್ಲೇನು? ಹೆಣ್ಣಿನ ಕೈ ಇನ್ನ ದೇವರ ಸಾಮಾನಿಗಿ ಬ್ಯಾಡ. ಹೋಗು, ಒಳಗ ನಿಮ್ಮವ್ವಗ ಕೈ ಹಚ್ಚು."

ನನಗೆ ಹೆದರಿಕೆ ಆಗಲಿಲ್ಲ. ಅಪ್ಪ ಇದ್ದನಲ್ಲ. ಡೊಳ್ಳಿನ ಮಾತು, ತಬಲಾದ ಮಾತು, ಜಿಂಕೆಯ ಮಾತು ಆಡಿದ ಅಪ್ಪ. ಈ ಜಗಳ ಎಷ್ಟು ದಿನ ನಡೆದೀತು, ಎರಡೋ ಮೂರೋ ಎಂದುಕೊಂಡು ಅವನ ಮುಖ ನೋಡಿದೆ. ಅವನು ಚೆಂಡಿನ ದಾರ ಬಿಗಿಯುತ್ತಿದ್ದ. ಆಗಲೇ ಬಿಗಿದಿದ್ದ ದಾರವನ್ನು ಬಿಚ್ಚಿ ಮತ್ತೆ ಬಿಗಿಯುತ್ತಿದ್ದ.

"ಅಪ್ಪ, ಹೇಳು."

ಅವ್ವ ರೊಟ್ಟಿ ಬಡಿಯುವುದನ್ನು ಬಿಟ್ಟು, ಹಿಟ್ಟಿನ ಕೈಯಲ್ಲೇ ಹೊಸ್ತಿಲಿಗೆ ಬಂದಳು. ಅತ್ತೆಯ ಎದುರಿಗೆ ಗಂಡನೊಡನೆ ಮಾತಾಡುವವಳಲ್ಲ ಅವಳು. ಅವತ್ತು ಆಡಿದಳು.

"ಅಕಿ ನಿಮ್ಮನ್ನ ಕೇಳಾಕತ್ತಾಳ್ರಿ. ಏನರೆ ಹೇಳ್ರಿ."

"ನನಗ ಸಾಲಿಗಿ ಹೊತ್ತಾಗ್ಯಾದ" ಎಂದ ಅಪ್ಪ. ಚೆಂಡನ್ನು ಕಂಕುಳಲ್ಲಿಟ್ಟುಕೊಂಡು ತಲಬಾಗಿಲು ದಾಟಿ ಹೋದ. ಅವತ್ತು ರವಿವಾರ.

ಮರುದಿನ ಇನ್ನೊಂದು ನಡೆಯಿತು. ಓಣಿಯಲ್ಲಿ ಮಾತು ಹರಡಲು ಎಷ್ಟು ಹೊತ್ತು? ಖಾಸಿಂ ಚಾಚಾ ಸಂಜೆ ಅಂಗಡಿ ಮುಚ್ಚಿ ನಮ್ಮ ಮನೆಗೆ ಬಂದ. ಅವನ ಕೈಯಲ್ಲಿ ಇನ್ನೊಂದು ಚೆಂಡು, ಹಳೆಯ ತೊಗಲಿನ ತುಂಡುಗಳನ್ನು ಸೇರಿಸಿ ಮೋಚಿಯ ಕಡೆಯಿಂದ ಹೊಲಿಸಿದ್ದು. ತೇಪೆ ಹಚ್ಚಿದ ಬ್ಲಾಡರಿಗೆ ತಾನೇ ಗಾಳಿ ತುಂಬಿದ್ದ. ಒಂದು ಕಡೆ ಉಬ್ಬು, ಒಂದು ಕಡೆ ತಗ್ಗು, ಕುಂಬಳಕಾಯಿಯ ಹಾಗಿತ್ತು.

"ತಗೋ ಬೇಟಿ. ಇದು ಯಾ ಜಗಲೀನೂ ಕಂಡಿಲ್ಲ, ಯಾ ಪೂಜೀನೂ ಕಂಡಿಲ್ಲ. ಇದಕ್ಕ ಯಾರ ಕೈ ಆದ್ರೂ ನಡೀತದ."

ಆಯಿ ಮೂಗಿಗೆ ತಪಕೀರು ಏರಿಸುತ್ತ ಕೂತಳು. ಅವಳ ಕಾಯಿದೆಯ ಒಳಗೇ ದಾರಿ ಹುಡುಕಿದ್ದ ಆ ಮನುಷ್ಯ. ಆದರೆ ಅಪ್ಪ ಬಂದು ಚೆಂಡನ್ನು ನನ್ನ ಕೈಯಿಂದ ತೆಗೆದುಕೊಂಡು, ತಿರುವಿ ನೋಡಿ, ಚಾಚಾನ ಕೈಗೆ ವಾಪಸು ಇಟ್ಟ. "ಬ್ಯಾಡ ಖಾಸಿಂ. ಊರ ಮಂದಿ ಏನಂದಾರು" ಎಂದ. ಆಯಿಯ ಬಾಯಿ ಮುಚ್ಚಿದ್ದಾಗ ಅವನ ಬಾಯಿ ತೆರೆದದ್ದು ಇಷ್ಟಕ್ಕೆ. ಖಾಸಿಂ ಚಾಚಾ ನನ್ನ ಮುಖವನ್ನೂ ನೋಡದೆ ಹೋದ. ಆಮೇಲೆ ಎಷ್ಟೋ ವರ್ಷ ನಾನು ಅಂಗಡಿಯ ಮುಂದೆ ಹಾದುಹೋದರೆ ಸುಮ್ಮನೆ ತಲೆ ಬಗ್ಗಿಸಿ ಟ್ಯೂಬು ತಿಕ್ಕುತ್ತಿದ್ದ, ತಪ್ಪು ತನ್ನದೇ ಎನ್ನುವ ಹಾಗೆ.

ವಿದೇಶಕ್ಕೆ ಮಾಸ್ತರರು ಬೇಕೆಂಬ ಜಾಹೀರಾತನ್ನು ಅಪ್ಪ ಪೇಪರಿನಲ್ಲಿ ನೋಡಿದ್ದು ಮರುವರ್ಷ. ಹೈದರಾಬಾದಿಗೆ ಹೋಗಿ ಬಂದ, ಕಾಗದ ಬಂತು, ಹೊರಟ. ಯಾದಗಿರಿ ಸ್ಟೇಷನ್ನಿಗೆ ನಾವು ಮೂವರೂ ಹೋಗಿದ್ದೆವು. ಟ್ರಂಕಿನಲ್ಲಿ ಅವನ ಎರಡು ಪ್ಯಾಂಟುಗಳ ನಡುವೆ ಗಾಳಿ ತೆಗೆದ ಆ ಚೆಂಡು ಮಡಿಚಿಕೊಂಡು ಕೂತಿತ್ತು. ಜಗಲಿಯ ಎಡಗಡೆ ಖಾಲಿಯಾಯಿತು, ಆಯಿ ಅಲ್ಲಿ ಎಣ್ಣೆಯ ಬುಡ್ಡಿ ಇಟ್ಟಳು. ಮುಟ್ಟಬಾರದ ಚೆಂಡೇ ಮನೆಯಲ್ಲಿಲ್ಲವಾಯಿತು, ಆದರೂ ನಾನು ಅಂಗಳಕ್ಕೆ ಇಳಿದು ಒಂದು ಕಲ್ಲು ಒದ್ದರೂ ಆಯಿ ಕೆಮ್ಮುತ್ತಿದ್ದಳು.

ಪತ್ರಗಳು ಬರುತ್ತಿದ್ದವು. ಊಟವಾದ ಮೇಲೆ ಪಡಸಾಲೆಯಲ್ಲಿ ಕೂತು ನಾನೇ ಓದಬೇಕು, ಅವ್ವನಿಗೂ ಆಯಿಗೂ ಓದು ಬರುತ್ತಿರಲಿಲ್ಲ. ಅಲ್ಲಿ ಎಲ್ಲ ಕಡೆ ಮರಳು, ಹುಡುಗರು ಬರಿಗಾಲಲ್ಲಿ ಆಡುತ್ತಾರೆ, ಆಟದ ನಿಯಮ ಯಾರಿಗೂ ಸರಿಯಾಗಿ ಗೊತ್ತಿಲ್ಲ, ಅವರ ಭಾಷೆಯಲ್ಲಿ ನಿಯಮಗಳನ್ನು ಬರೆಸಿ ಶಾಲೆಶಾಲೆಗೆ ಅಂಟಿಸಿದ್ದೇನೆ, ದ್ವೀಪದಿಂದ ದ್ವೀಪಕ್ಕೆ ತಂಡಗಳು ದೋಣಿಯಲ್ಲಿ ಬರುತ್ತವೆ, ಅವರ ದೇಶದ ಫುಟ್‌ಬಾಲಿಗೆ ಒಂದು ಕಮಿಟಿ ಮಾಡಿದ್ದಾರೆ, ಅದರಲ್ಲಿ ನಾನೂ ಒಬ್ಬ. ಪುಟದ ಮೇಲೆ ಪುಟ. ಕೊನೆಯ ಸಾಲಿನಲ್ಲಿ ನೀಲಿಗೆ ಆಶೀರ್ವಾದ. ಮುಂದಿನ ವರ್ಷ ಎಲ್ಲರನ್ನೂ ಕರೆಸಿಕೊಳ್ಳುತ್ತೇನೆ ಎಂದು ಪ್ರತಿ ವರ್ಷವೂ ಬರೆದ. ಪ್ರತಿ ವರ್ಷವೂ ಏನಾದರೊಂದು ಟೂರ್ನಮೆಂಟು ಅಡ್ಡ ಬಂತು. ಎರಡು ವರ್ಷಕ್ಕೊಮ್ಮೆ ರಜೆಗೆ ಬರುವಾಗ ಡಬ್ಬಿಯಲ್ಲಿ ತುಂಬಿದ ಮೀನು ತರುತ್ತಿದ್ದ, ನಮ್ಮ ಮನೆಯಲ್ಲಿ ಮೀನು ತಿನ್ನುವುದಿಲ್ಲ ಎಂಬುದನ್ನು ಅವನು ಅಷ್ಟರಲ್ಲಿ ಮರೆತಿದ್ದ. ಅವ್ವ ಆ ಡಬ್ಬಿಗಳನ್ನು ಒಡೆಯದೆ ಅಟ್ಟದ ಮೇಲೆ ಸಾಲಾಗಿ ಇಡುತ್ತಿದ್ದಳು.

ನಾನು ಶಹಾಪುರದ ಆಸ್ಪತ್ರೆಯಲ್ಲಿ ನರ್ಸ್ ಆಗುವುದಕ್ಕೆ ಸ್ವಲ್ಪ ಮುಂಚೆ ಬಂದ ಒಂದು ಪತ್ರ ಇನ್ನೂ ಬಾಯಿಪಾಠ ಇದೆ. 'ಇಲ್ಲಿ ಹೆಣ್ಣುಮಕ್ಕಳದೂ ಒಂದು ತಂಡ ಕಟ್ಟೀನಿ. ಈ ದೇಶದಾಗ ಇದು ಮೊದಲು. ಹುಡುಗ್ಯಾರು ಭಾಳ ಚಲೋ ಆಡತಾರ.' ನಾನು ಅದನ್ನು ಓದಿ ನಿಲ್ಲಿಸಿದೆ. ಆಮೇಲೆ ಆಯಿ, "ಮಂದಿ ಮಕ್ಕಳಲ್ಲೇನು, ಆಡ್ಲಿ ಬಿಡು" ಎಂದು ಗೋಡೆಯ ಕಡೆ ಹೊರಳಿದಳು. ಅವ್ವ ನನ್ನ ಕೈಯಿಂದ ಪತ್ರ ತೆಗೆದುಕೊಂಡು, ಅಕ್ಷರ ಬಾರದವಳು, ಅದನ್ನು ಬಹಳ ಹೊತ್ತು ನೋಡಿದಳು. "ಇದರಾಗ ಎಲ್ಲಿ ಬರದಾರ, ತೋರಸು" ಎಂದಳು. ತೋರಿಸಿದೆ. ಆ ಸಾಲನ್ನು ಉಗುರಿನಿಂದ ಗೀರಿ ಗೀರಿ ಕಾಗದ ಹರಿಯುವವರೆಗೆ ತಿಕ್ಕಿದಳು. ನನಗೆ ಅವತ್ತು ಅಪ್ಪ ಸತ್ತುಹೋಗಲಿ ಅನಿಸಿತ್ತು. ಅನಿಸಿದ್ದನ್ನು ಬರೆಯುತ್ತಿದ್ದೇನೆ, ಅದಕ್ಕಾಗಿ ಈಗ ನಾಚಿಕೆಯೂ ಇಲ್ಲ.

ಅವನು ಸತ್ತದ್ದು ಅದಾದ ಬಹಳ ವರ್ಷಗಳ ಮೇಲೆ, ಅಲ್ಲೇ. ಮಣ್ಣೂ ಅಲ್ಲೇ ಆಯಿತು. ಅಷ್ಟರಲ್ಲಿ ನಾನು ಅವನನ್ನು ಕ್ಷಮಿಸಿಬಿಟ್ಟಿದ್ದೆ. ವಾರ್ಡಿನಲ್ಲಿ ನೂರಾರು ಅಪ್ಪಂದಿರನ್ನು ನೋಡಿದವಳು ನಾನು. ಮಗಳು ನರಳುತ್ತಿದ್ದರೆ ಬಾಗಿಲ ಹೊರಗೆ ನಿಂತು ಬೀಡಿ ಸುಡುವವರು, ಏನು ಹೇಳಬೇಕೆಂದು ತಿಳಿಯದವರು. ಅಪ್ಪನೂ ಅಂಥವನೇ, ಚೆಂಡಿನ ಬಗ್ಗೆ ಮಾತು ಬರುತ್ತಿತ್ತು, ಮಗಳ ಬಗ್ಗೆ ಬರುತ್ತಿರಲಿಲ್ಲ, ಆ ಕಾಲದ ಗಂಡಸಿಗೆ ಅಂಥ ಮಾತು ಹೊಳೆಯುವುದೇ ಇಲ್ಲ ಎಂದು ನನಗೆ ನಾನೇ ಹೇಳಿಕೊಂಡಿದ್ದೆ. ಆ ಒಂದು ಸಮಾಧಾನದ ಮೇಲೆ ಅರ್ಧ ಆಯುಷ್ಯ ಕಳೆದೆ.

ಹೋದ ವರ್ಷ ಹವ್ವಾ ಬಂದಳು. ಆ ದೇಶದವಳು, ನನಗಿಂತ ನಾಲ್ಕೈದು ವರ್ಷಕ್ಕೆ ಚಿಕ್ಕವಳು, ಅಪ್ಪ ಕಟ್ಟಿದ ಆ ಮೊದಲ ತಂಡದಲ್ಲಿ ಆಡಿದವಳು. ಗಂಡನ ಕಣ್ಣಿನ ಆಪರೇಷನ್ನಿಗೆ ಹೈದರಾಬಾದಿಗೆ ಬಂದಿದ್ದಳು. ಅವನನ್ನು ಮಗನ ವಶಕ್ಕೆ ಬಿಟ್ಟು, ನನ್ನ ನಂಬರು ಹೇಗೋ ಹುಡುಕಿ, ರೈಲು ಹತ್ತಿ ಯಾದಗಿರಿಗೆ ಬಂದಳು. ಅಲ್ಲಿಂದ ಬಸ್ಸಿನಲ್ಲಿ ಶಹಾಪುರದ ನನ್ನ ಮನೆಗೆ ಕರೆತಂದೆ. ಅವಳದು ಸಿನೆಮಾ ನೋಡಿ ಕಲಿತ ಹಿಂದಿ, ನನ್ನದು ವಾರ್ಡಿನಲ್ಲಿ ಕಲಿತ ದಖನಿ. ಅವಳ ಮಾತನ್ನು ಇಲ್ಲಿ ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ. ರೊಟ್ಟಿ, ಪುಂಡಿಪಲ್ಯ ಉಂಡು, ನನ್ನ ಎರಡೂ ಕೈಗಳನ್ನು ಹಿಡಿದುಕೊಂಡು ಹೇಳಿದಳು.

"ನಾನು ಆಡಿದ್ದು ನಿಮ್ಮಿಂದ."

ನನ್ನಿಂದ ಹೇಗೆ ಎಂದು ಕೇಳಿದೆ.

"ನಮ್ಮ ಅಪ್ಪ ಬಿಡಲಿಲ್ಲ. ಯಾರ ಅಪ್ಪನೂ ಬಿಡಲಿಲ್ಲ. ಸರ್ ಒಂದೊಂದೇ ಮನೆಗೆ ಬಂದು ಕೂತು ಹೇಳುತ್ತಿದ್ದರು, ನನ್ನ ಮಗಳು ಊರಿನಲ್ಲಿ ಆಡುತ್ತಾಳೆ, ಅವಳು ಗೋಲ್‌ಕೀಪರ್ ಎಂದು. ಸರ್ ಮಾತು ಇದು, 'ಅವಳು ದೊಡ್ಡವಳಾದಾಗ ನನ್ನ ತಾಯಿ ಬೇಡ ಎಂದಳು. ನಾನು ತಾಯಿಗೆ ಹೇಳಿದೆ, ಅವಳನ್ನು ಒಳಗೆ ಕೂರಿಸುವುದಾದರೆ ನನ್ನನ್ನೂ ಕೂರಿಸು. ಅವಳು ಕಾಲಿಡದ ಮೈದಾನದಲ್ಲಿ ನಾನೂ ಕಾಲಿಡುವುದಿಲ್ಲ ಎಂದೆ. ತಾಯಿ ಸುಮ್ಮನಾದಳು.' ಹೀಗೆ ಹೇಳುವಾಗ ಸರ್ ಕಣ್ಣಲ್ಲಿ ನೀರು ಬರುತ್ತಿತ್ತು. ಅದನ್ನು ಕೇಳಿಯೇ ನಮ್ಮ ಅಪ್ಪ ಒಪ್ಪಿದ್ದು. ನಮ್ಮ ತಂಡದ ಹುಡುಗಿಯರೆಲ್ಲ ನಿಮ್ಮ ಹೆಸರು ಬಲ್ಲೆವು."

ನಾನು ಕೈ ಬಿಡಿಸಿಕೊಂಡು ನೀರು ತರುವ ನೆಪದಲ್ಲಿ ಒಳಗೆ ಹೋದೆ. ಒಲೆಯ ಕಟ್ಟೆ ಹಿಡಿದು ನಿಂತೆ. ಸುಳ್ಳು ಹೇಳಿದ್ದಕ್ಕಲ್ಲ ನನ್ನ ಸಿಟ್ಟು. ಮಂದಿ ಮಕ್ಕಳಿಗೆ ಒಳ್ಳೆಯದಾಯಿತಲ್ಲ, ಆಗಲಿ. ಆದರೆ ಆ ಮಾತು ಅವನಿಗೆ ಗೊತ್ತಿತ್ತು. ಅವತ್ತು ಅಂಗಳದಲ್ಲಿ ಏನು ಹೇಳಬೇಕಿತ್ತೋ ಅದು ಅಕ್ಷರಕ್ಕೆ ಅಕ್ಷರ ಗೊತ್ತಿತ್ತು. ಹೊಳೆಯದವನಲ್ಲ, ಹೇಳದವನು. ನಾನು ಕ್ಷಮಿಸಿದ್ದ ಮನುಷ್ಯ ಎಲ್ಲೂ ಇರಲೇ ಇಲ್ಲ.

ನೀರು ತಂದು ಕೊಟ್ಟೆ. ಹವ್ವಾ ತನ್ನ ಫೋನನ್ನು ನನ್ನ ಮುಖಕ್ಕೆ ಹಿಡಿದಳು. ಅವಳ ಮಗಳು ಈಗ ಅಲ್ಲಿ ಹುಡುಗಿಯರಿಗೆ ಫುಟ್‌ಬಾಲ್ ಕಲಿಸುತ್ತಾಳೆ, ಆ ಹುಡುಗಿಯರಿಗೆ ನಾನು ಎರಡು ಮಾತು ಹೇಳಬೇಕಂತೆ, ನನ್ನದೇ ಭಾಷೆಯಲ್ಲಾದರೂ ಸರಿ, ಸರ್ ಆಡುತ್ತಿದ್ದ ಭಾಷೆಯನ್ನು ಅವರು ಕೇಳಿದ ಹಾಗಾಗುತ್ತದೆ. ಅವಳ ಮುಖದಲ್ಲಿ ಹಬ್ಬದ ಸಡಗರವಿತ್ತು. ನಾನು ಸೆರಗು ಸರಿಮಾಡಿಕೊಂಡು, ಅವಳಿಗೆ ತಿಳಿಯದ ನನ್ನ ಸುರಪುರದ ಕನ್ನಡದಲ್ಲಿ ಹೇಳಿದೆ.

"ದೊಡ್ಡಾಕಿ ಆದ ಮ್ಯಾಲ ನಾ ಆಡಿಲ್ಲವ್ವ. ನನ್ನ ಹೊರಗ ಬಿಡ್ರಿ ಅಂತ ಅಂವ ಯಾರ ಮುಂದೂ ಒಂದ ಮಾತ ಆಡಲಿಲ್ಲ. ನೀವು ಆಡ್ರಿ. ಯಾರರೆ ಬ್ಯಾಡ ಅಂದ್ರ, ನಿಮ್ಮಪ್ಪನ ಬಾಯಿ ನೋಡಕೋತ ನಿಂದ್ರಬ್ಯಾಡ್ರಿ."

ಏನು ಹೇಳಿದಿರಿ ಎಂದು ಹವ್ವಾ ಕಣ್ಣರಳಿಸಿ ಕೇಳಿದಳು. ಚೆನ್ನಾಗಿ ಆಡಿ ಎಂದು ಹೇಳಿದೆ, ಎಂದೆ. ಅವಳು ಅದನ್ನು ಅಲ್ಲಿಂದಲೇ ಮಗಳಿಗೆ ಕಳಿಸಿದಳು.